ಫಿಲ್ಟರ್ ಕಾಗದದ ಮೇಲೆ ಉಳಿದ ಕಲೆ

ಚೆನ್ನೈಗೆ ಬಂದ ಮೇಲೆ ನನಗೆ ಗೊತ್ತಿಲ್ಲದ ವಿಷಯಗಳ ಬಗ್ಗೆ ಜನ ನನ್ನನ್ನು ಪ್ರಶ್ನೆ ಕೇಳಲು ಶುರು ಮಾಡಿದರು. ಅದಕ್ಕೆ ನನ್ನ ಕೆಲಸವೇ ಕಾರಣ. ತೊಂಬತ್ತರ ದಶಕ ಮುಗಿಯುವ ಹೊತ್ತಿಗೆ ಉತ್ತರ ಚೆನ್ನೈನ ಒಂದು ಪ್ರಯೋಗಾಲಯದಲ್ಲಿ ನಾನು ಪೆಟ್ರೋಲು, ಡೀಸೆಲ್ಲು ಪರೀಕ್ಷೆ ಮಾಡುತ್ತಿದ್ದೆ. ಬಂಕುಗಳಿಂದ ಮುದ್ರೆ ಒತ್ತಿದ ಅಲ್ಯೂಮಿನಿಯಂ ಬಾಟಲಿಗಳು ಬರುತ್ತಿದ್ದವು. ಅವುಗಳ ಸಾಂದ್ರತೆ ನೋಡುವುದು, ಕಾಯಿಸುವುದು, ಎಷ್ಟು ಬಿಸಿಗೆ ಎಷ್ಟು ಆವಿಯಾಯಿತು ಎಂದು ಬರೆಯುವುದು, ಕಲಬೆರಕೆ ಇದೆ ಅಥವಾ ಇಲ್ಲ ಎಂದು ಸಹಿ ಹಾಕುವುದು. ಇಷ್ಟೇ ನನ್ನ ವಿದ್ಯೆ. ಆದರೆ ಅಣ್ಣಾ ನಗರದ ನಮ್ಮ ಬೀದಿಯಲ್ಲಿ ನಾನು ಪೆಟ್ರೋಲಿನವನು. ಬೆಲೆ ಏರಿದರೆ ಹಾಲಿನ ಬೂತಿನ ಮುಂದೆ ನಿಂತವರು ನಾನೇ ಏರಿಸಿದವನ ಹಾಗೆ ನನ್ನ ಮುಖ ನೋಡುತ್ತಿದ್ದರು.

ಎಲ್ಲರಿಗಿಂತ ಹೆಚ್ಚು ಪ್ರಶ್ನೆ ಕೇಳುತ್ತಿದ್ದವರು ನನ್ನ ಮಗಳ ಸ್ಕೂಲ್ ಆಟೋ ಓಡಿಸುತ್ತಿದ್ದವರು. ಹೊಸೂರಿನ ಹತ್ತಿರದ ಹಳ್ಳಿಯವರು, ನನಗಿಂತ ಹತ್ತು ವರ್ಷಕ್ಕಾದರೂ ದೊಡ್ಡವರು, ಮನೆಮಾತು ಕನ್ನಡ. ಅವರ ಆಟೋ ಹಳೆಯದು. ನಮ್ಮ ಬೀದಿಯ ಐದು ಮಕ್ಕಳನ್ನು ಅದರಲ್ಲಿ ತುಂಬಿ, ಚೀಲಗಳನ್ನು ಹೊರಗಡೆ ತೂಗುಹಾಕಿ ಕರೆದೊಯ್ಯುತ್ತಿದ್ದರು. ಮಂಡ್ಯದಿಂದ ಬಂದ ನನಗೂ ನನ್ನ ಹೆಂಡತಿಗೂ ಅವರು ಸಿಕ್ಕಿದ್ದೇ ದೊಡ್ಡ ಸಮಾಧಾನವಾಗಿತ್ತು. ಎರಡನೇ ಕ್ಲಾಸಿನ ಮಗಳಿಗೆ ನಾವು ಕನ್ನಡದಲ್ಲಿ ಏನು ಕೇಳಿದರೂ ಅವಳು ತಮಿಳಿನಲ್ಲಿ ಉತ್ತರ ಕೊಡುತ್ತಿದ್ದಳು. ಊಟಕ್ಕೆ ಬಾ ಎಂದರೆ "ಎನಕ್ಕು ವೇಂಡಾಂ," ನನಗೆ ಬೇಡ ಎಂದು. ಅದೇ ಹುಡುಗಿ ಆಟೋ ಹತ್ತಿದ ಕೂಡಲೇ, "ಮಾಮ, ನಿದಾನಕ್ಕೆ ಓಡ್ಸು, ನನ್ ಡಬ್ಬಿ ಸಾರೆಲ್ಲಾ ಚೆಲ್ಲೋಗ್ತದೆ" ಎನ್ನುತ್ತಿದ್ದಳು. ಅದು ನಮ್ಮ ಕನ್ನಡವಲ್ಲ, ಹೊಸೂರಿನ ಕನ್ನಡ. ನನ್ನ ಹೆಂಡತಿಗೆ ಇದು ತಮಾಷೆ, ನನಗೆ ಸ್ವಲ್ಪ ಹೊಟ್ಟೆಕಿಚ್ಚು.

ಅವರು ಬೆಳಿಗ್ಗೆ ಬಂದು ಹಾರ್ನ್ ಹೊಡೆದು, ಮಗಳು ಶೂ ಹಾಕಿಕೊಳ್ಳುವಷ್ಟರಲ್ಲಿ ಒಂದು ಪ್ರಶ್ನೆ ಹಾಕುತ್ತಿದ್ದರು.

"ಯಾಕ್ ಸಾರ್, ಮತ್ತೆ ಏರ್ಸವ್ರೆ?"

ನಾನು ಪತ್ರಿಕೆಯಲ್ಲಿ ಓದಿದ್ದನ್ನೇ ಹೇಳುತ್ತಿದ್ದೆ. ಕೊಲ್ಲಿ ದೇಶಗಳು ಎಣ್ಣೆ ತೆಗೆಯುವುದನ್ನು ಕಡಿಮೆ ಮಾಡಿವೆ, ಎಲ್ಲೋ ಯುದ್ಧದ ಭಯ ಇದೆ, ಚೀನಾದಲ್ಲಿ ಬೇಡಿಕೆ ಹೆಚ್ಚಾಗಿದೆ, ಡಾಲರ್ ಹೀಗಾಗಿದೆ. ಅವರು ಗಂಭೀರವಾಗಿ ತಲೆಯಾಡಿಸುತ್ತಿದ್ದರು. ಕೆಲವು ತಿಂಗಳ ನಂತರ ಇನ್ನೊಂದು ಪ್ರಶ್ನೆ.

"ಈಗ ಅಲ್ಲಿ ಇಳ್ದೈತೆ ಅಂತ ಪೇಪರ್‌ನಲ್ಲಿ ಹಾಕವ್ರೆ ಸಾರ್. ಇಲ್ಲಿ ಯಾಕ್ ಇಳೀಲಿಲ್ಲ?"

ತೆರಿಗೆ, ಸಂಸ್ಕರಣೆ, ಸಾಗಣೆ ಎಂದೆಲ್ಲ ಹೇಳಿ ನಾನೇ ಗೊಂದಲದಲ್ಲಿ ಬೀಳುತ್ತಿದ್ದೆ. ಗೊತ್ತಿಲ್ಲ ಎಂದು ಒಂದು ದಿನವಾದರೂ ಹೇಳಬಹುದಿತ್ತು. ಆದರೆ ಅವರು ಅಷ್ಟು ನಂಬಿಕೆಯಿಂದ ಕೇಳುತ್ತಿದ್ದರು, ನನಗೂ ಅದು ಹಿತವಾಗಿತ್ತು. ಗೊತ್ತಿಲ್ಲದ್ದನ್ನು ಗೊತ್ತಿರುವವನ ದನಿಯಲ್ಲಿ ಹೇಳುವುದು ನನಗೆ ಆ ದಿನಗಳಲ್ಲೇ ರೂಢಿಯಾಯಿತು.

ಮಗಳಿಗೆ ಕೆಮ್ಮು ಶುರುವಾದದ್ದು ಆಗ. ಸಾಮಾನ್ಯ ಕೆಮ್ಮಲ್ಲ. ಉಸಿರು ಎಳೆದುಕೊಳ್ಳುವಾಗ ಎದೆಯಲ್ಲಿ ಸುಯ್ ಎನ್ನುವ ಸದ್ದು. ನಮಗೆ ಭಯವಾಯಿತು. ಡಾಕ್ಟರು ಔಷಧಿ ಬರೆದುಕೊಟ್ಟು, "ಹೊಗೆ, ಧೂಳಿಂದ ದೂರ ಇಡಿ" ಎಂದರು. ಈ ಊರಿನಲ್ಲಿ ಹೊಗೆಯಿಂದ ದೂರ ಎಂದರೆ ಎಲ್ಲಿಗೆ? ನಾನು ಕೆಲಸಕ್ಕೆ ಹೋಗುವ ಬಸ್ಸು ಎಣ್ಣೂರಿನ ಕಡೆ ತಿರುಗಿದರೆ ಸಾಕು, ಕಾರ್ಖಾನೆಗಳ ಹೊಗೆಕೊಳವೆಯ ಹೊಗೆ ಕಿಟಕಿಯೊಳಗೇ ಬರುತ್ತಿತ್ತು. ಸಂಜೆ ಅಂಗಿಯ ಕಾಲರ್ ಒಗೆಯುವಾಗ ನೀರು ಕಪ್ಪಾಗುತ್ತಿತ್ತು. ಆ ಹೊಗೆಗೆ ನಾನು ಏನೂ ಮಾಡುವ ಹಾಗಿರಲಿಲ್ಲ. ಮನೆಯ ಮುಂದೆ ದಿನಾ ನಿಲ್ಲುವ ಆಟೋದ ಹೊಗೆ ಮಾತ್ರ ನನ್ನ ಕೈಗೆ ಸಿಗುವಂಥದ್ದು.

ಆ ಕಾಲದಲ್ಲಿ ಪೆಟ್ರೋಲಿಗೆ ಸೀಮೆಎಣ್ಣೆ ಬೆರೆಸಿ ಆಟೋ ಓಡಿಸುತ್ತಾರೆ ಎಂಬುದು ಮನೆಮಾತು. ಬೆಲೆ ಏರಿದಷ್ಟೂ ಆ ಮಾತು ಜಾಸ್ತಿಯಾಯಿತು. ರೇಷನ್ ಅಂಗಡಿಯ ಸೀಮೆಎಣ್ಣೆಗೆ ಕಲಬೆರಕೆ ಪತ್ತೆಯಾಗಲಿ ಎಂದೇ ನೀಲಿ ಬಣ್ಣ ಹಾಕುತ್ತಿದ್ದರು. ನಾನು ದಿನವಿಡೀ ಹುಡುಕುತ್ತಿದ್ದದ್ದೂ ಅದನ್ನೇ. ಕಲಬೆರಕೆ ಹುಡುಕುವವನ ಮನೆಯ ಮುಂದೆಯೇ ಕಲಬೆರಕೆ ಆಟೋ ನಿಲ್ಲುತ್ತದೆಯೇ ಎಂಬ ಯೋಚನೆ ಒಮ್ಮೆ ತಲೆಗೆ ಹೊಕ್ಕಿತು, ಮತ್ತೆ ಹೊರಡಲಿಲ್ಲ.

ಒಂದು ಶನಿವಾರ ಬೆಳಿಗ್ಗೆ ಮಕ್ಕಳನ್ನು ಬಿಟ್ಟು ಅವರು ವಾಪಸು ಬಂದಾಗ, "ನಿಮ್ಮ ಪೆಟ್ರೋಲ್ ಸ್ವಲ್ಪ ಕೊಡಿ, ಚೆಕ್ ಮಾಡ್ತೀನಿ" ಎಂದೆ. ಅವರು ಏನೂ ಅನುಮಾನ ಪಡಲಿಲ್ಲ. ತಾವೇ ಪೆಟ್ರೋಲ್ ಪೈಪ್ ಕಿತ್ತು, ನಾನು ಕೊಟ್ಟ ಸಣ್ಣ ಸೀಸೆಗೆ ಹಿಡಿದುಕೊಟ್ಟರು. ಪ್ರಯೋಗಾಲಯಕ್ಕೆ ಒಯ್ಯುವ ಹಾಗಿರಲಿಲ್ಲ. ಅಲ್ಲಿ ಮುದ್ರೆ ಇಲ್ಲದ ಬಾಟಲಿ ಮುಟ್ಟುವುದಿಲ್ಲ. ಆದರೆ ಬಂಕಿನಲ್ಲೇ ನಿಂತು ಯಾರು ಬೇಕಾದರೂ ಮಾಡಬಹುದಾದ ಒಂದು ಸುಲಭ ಪರೀಕ್ಷೆ ಇದೆ. ಫಿಲ್ಟರ್ ಕಾಗದದ ಮೇಲೆ ಒಂದು ಹನಿ ಪೆಟ್ರೋಲು ಬಿಡಬೇಕು. ಶುದ್ಧವಾಗಿದ್ದರೆ ಎರಡು ನಿಮಿಷದಲ್ಲಿ ಆವಿಯಾಗಿ ಕಾಗದ ಮೊದಲಿನಂತೆ ಬೆಳ್ಳಗಾಗುತ್ತದೆ. ಕಲೆ ಉಳಿದರೆ ಏನೋ ಬೆರೆತಿದೆ ಎಂದು ಅರ್ಥ.

ಗೇಟಿನ ಕಟ್ಟೆಯ ಮೇಲೆ ಕಾಗದ ಇಟ್ಟು ಹನಿ ಬಿಟ್ಟೆ. ಎದುರು ಮನೆಯವರೂ ಪಕ್ಕದವರೂ ಬಂದು ನಿಂತರು, ಅವರ ಮಕ್ಕಳೂ ಇದೇ ಆಟೋದಲ್ಲಿ ಹೋಗುತ್ತಿದ್ದದ್ದು. ಎರಡು ನಿಮಿಷವಾಯಿತು, ಐದಾಯಿತು. ಕಲೆ ಹೋಗಲಿಲ್ಲ. ನಡುವೆ ಎಣ್ಣೆಯ ಜಿಡ್ಡು, ಅಂಚಿನಲ್ಲಿ ತೆಳುವಾದ ನೀಲಿ.

"ಏನ್ ಹಾಕಿದ್ದೀರಾ ಇದಕ್ಕೆ?" ಎಂದು ಕೇಳಿದೆ.

"ಏನೂ ಹಾಕಿಲ್ಲ ಸಾರ್."

"ಸೀಮೆಎಣ್ಣೆ ಇದೆ. ಕಾಗದ ಹೇಳ್ತಾ ಇದೆ."

ಅವರು ಕಾಗದವನ್ನು ಕೈಗೆ ತೆಗೆದುಕೊಂಡು ಬಿಸಿಲಿಗೆ ಹಿಡಿದು ನೋಡಿದರು. ಜಗಳವಾಡಲಿಲ್ಲ. "ಕ್ರಿಷ್ಣಾಯಿಲ್ ನಾನ್ ಹಾಕಿಲ್ಲ ಸಾರ್" ಎಂದು ಸೀಮೆಎಣ್ಣೆಗೆ ಅವರ ತಮಿಳು ಮಾತು ಬಳಸಿ ಇನ್ನೊಮ್ಮೆ ಹೇಳಿದರು. ಕಾಗದವನ್ನು ಮಡಿಸಿ ಜೇಬಿಗೆ ಇಟ್ಟುಕೊಂಡು ಹೊರಟರು. ಸಿಕ್ಕಿಬಿದ್ದವನ ಲಕ್ಷಣ ಇದೇ ಎಂದು ನಾನು ಅಂದುಕೊಂಡೆ. ಅವತ್ತು ಸಂಜೆಯೊಳಗೆ ಐದು ಮನೆಯವರೂ ಅವರಿಗೆ ಸೋಮವಾರದಿಂದ ಬರಬೇಡಿ ಎಂದು ಹೇಳಿಯಾಗಿತ್ತು. ನನಗೆ ಹೆಮ್ಮೆಯೇ ಆಯಿತು. ಮುಚ್ಚಿಡುವುದೇಕೆ, ಅಂದು ರಾತ್ರಿಯ ಊಟ ನನಗೆ ಚೆನ್ನಾಗಿ ಸೇರಿತು.

ಆಮೇಲೆ ನಡೆದದ್ದು ನನಗೆ ಇವತ್ತಿಗೂ ಸರಿಯಾಗಿ ಅರ್ಥವಾಗಿಲ್ಲ. ಒಂದು ಆಟೋ ನಿಲ್ಲಿಸಿ ಹೊಗೆ ಕಡಿಮೆ ಮಾಡಿದೆವು ಎಂದುಕೊಂಡ ನಾವು ಐವರೂ ಐದು ಗಾಡಿ ತೆಗೆದೆವು. ಎದುರು ಮನೆಯವರು ಕಾರು ಕೊಂಡರು. ನಾನು ಫೋರ್ ಸ್ಟ್ರೋಕ್ ಬೈಕು ಕೊಂಡೆ, ಅದರ ಹೊಗೆ ಕಮ್ಮಿ ಎಂದು ಎಲ್ಲರಿಗೂ ಪಾಠ ಹೇಳಿದೆ. ಬೆಳಿಗ್ಗೆ ಶಾಲೆಯ ಗೇಟಿನ ಮುಂದೆ ಗಾಡಿಗಳು ಒಂದಕ್ಕೊಂದು ಅಂಟಿಕೊಂಡು ಎಂಜಿನ್ ಆರಿಸದೆ ನಿಂತಿರುತ್ತಿದ್ದವು. ಅದರ ನಡುವೆ ಮಗಳು ಕರವಸ್ತ್ರ ಮೂಗಿಗೆ ಹಿಡಿದು ನಡೆದು ಹೋಗುತ್ತಿದ್ದಳು. ಕೆಮ್ಮು ತಕ್ಷಣ ಹೋಗಲಿಲ್ಲ. ಮುಂದಿನ ವರ್ಷ ಯಾವಾಗಲೋ ತಾನಾಗಿ ಹೋಯಿತು. ಯಾವುದರಿಂದ ಬಂತು, ಯಾವುದರಿಂದ ಹೋಯಿತು ಎಂದು ಡಾಕ್ಟರೂ ಹೇಳಲಿಲ್ಲ. ಹೋದದ್ದು ಇನ್ನೊಂದಿತ್ತು, ಅವಳ ಕನ್ನಡ. ಬೈಕಿನ ಹಿಂದೆ ಕೂತು ಅವಳು ನನ್ನ ಹತ್ತಿರ ಮಾತೇ ಆಡುತ್ತಿರಲಿಲ್ಲ. "ಮಾಮ ಏನ್ ಪಣ್ಣಾರು?" ಎಂದು ಒಂದೇ ಒಂದು ಸಲ ಕೇಳಿದ್ದಳು, ಮಾಮ ಏನು ಮಾಡಿದರು ಎಂದು. ಎರಡು ಭಾಷೆ ಬೆರೆಸಿದ ಆ ಪ್ರಶ್ನೆ ಕೇಳಿ ನಾನು ಬೈಕು ಇನ್ನಷ್ಟು ಜೋರಾಗಿ ಓಡಿಸಿದೆ.

ಸುಮಾರು ಒಂದೂವರೆ ವರ್ಷವಾದ ಮೇಲೆ ಒಂದು ಬಂಕಿನಲ್ಲಿ ನನ್ನ ಬೈಕು ಹಿಡಿದು ನಿಂತಿದ್ದೆ. ಮುಂದೆ ಒಂದು ಹಳೆಯ ಆಟೋ. ಬಂಕಿನವನು ಸಣ್ಣ ಅಳತೆ ಡಬ್ಬಿಯಿಂದ ಅದರ ಟ್ಯಾಂಕಿಗೆ ನೀಲಿ ಆಯಿಲ್ ಸುರಿದ, ಮೇಲೆ ಪೆಟ್ರೋಲು ಬಿಟ್ಟ. ಡ್ರೈವರ್ ಇಳಿದು, ಎರಡೂ ಬೆರೆಯಲಿ ಎಂದು ಆಟೋವನ್ನು ಆ ಕಡೆ ಈ ಕಡೆ ಅಲ್ಲಾಡಿಸಿದ. ದಿನಾ ಎಲ್ಲ ಬಂಕಿನಲ್ಲೂ ನಡೆಯುವ ಕೆಲಸ. ನಾನು ಎಷ್ಟು ಸಲ ನೋಡಿಲ್ಲ? ಆದರೆ ಅವತ್ತು ಆ ಆಟೋ ಹೊರಟುಹೋದರೂ ನಾನು ಬೈಕು ಮುಂದೆ ತಳ್ಳಲಿಲ್ಲ.

ಹಳೆಯ ಆಟೋಗಳೆಲ್ಲ ಟೂ ಸ್ಟ್ರೋಕ್. ಅವುಗಳ ಎಂಜಿನ್ ಸವೆಯದಿರಲು ಪೆಟ್ರೋಲಿನ ಜೊತೆಗೇ ಆಯಿಲ್ ಬೆರೆಸಲೇಬೇಕು. ಆ ಆಯಿಲ್ ಆವಿಯಾಗುವುದಿಲ್ಲ. ಎಷ್ಟು ಶುದ್ಧ ಪೆಟ್ರೋಲು ಹಾಕಿದರೂ ಕಾಗದದ ಮೇಲೆ ಕಲೆ ಉಳಿದೇ ಉಳಿಯುತ್ತದೆ. ಬೆರೆಸಿದ್ದು ಕಣ್ಣಿಗೆ ಕಾಣಲಿ ಎಂದು ಅದಕ್ಕೂ ಬಣ್ಣ ಹಾಕಿರುತ್ತಾರೆ. ಇದು ನನಗೆ ಗೊತ್ತಿಲ್ಲದ್ದಲ್ಲ. ಕಾಲೇಜಿನಲ್ಲಿ ಓದಿದ್ದೆ, ಪರೀಕ್ಷೆಯಲ್ಲಿ ಬರೆದು ಅಂಕ ತೆಗೆದಿದ್ದೆ. ಆದರೆ ನನ್ನ ಮೇಜಿಗೆ ಬರುತ್ತಿದ್ದದ್ದು ಬಂಕಿನ ಕೊಳವೆಯಿಂದ ಹಿಡಿದ ಪೆಟ್ರೋಲು, ಗಾಡಿಯ ಟ್ಯಾಂಕಿನದಲ್ಲ. ಬಾಟಲಿಗಳ ನಡುವೆ ಕೂತು ಕೂತು ಗಾಡಿಗಳು ಹೇಗೆ ಓಡುತ್ತವೆ ಎಂಬುದೇ ನನ್ನ ಲೆಕ್ಕದಿಂದ ಬಿಟ್ಟುಹೋಗಿತ್ತು. ಮಾರನೆಯ ದಿನ ಪ್ರಯೋಗಾಲಯದಲ್ಲಿ ಶುದ್ಧ ಪೆಟ್ರೋಲಿಗೆ ಆ ಆಯಿಲ್ ಬೆರೆಸಿ ಕಾಗದದ ಮೇಲೆ ಬಿಟ್ಟೆ. ಅದೇ ಜಿಡ್ಡು, ಅದೇ ನೀಲಿ ಅಂಚು.

ಹಾಗಾದರೆ ಅವರು ಸೀಮೆಎಣ್ಣೆ ಹಾಕಿರಲಿಲ್ಲವೇ? ಅದೂ ಗೊತ್ತಿಲ್ಲ. ಹಾಕಿದ್ದರೂ ಕಲೆ ಹಾಗೇ ಇರುತ್ತಿತ್ತು, ಹಾಕದಿದ್ದರೂ ಹಾಗೇ. ಆ ಕಾಗದ ಯಾವುದನ್ನೂ ಹೇಳಿರಲಿಲ್ಲ, ಹೇಳಿದ್ದೆಲ್ಲ ನಾನು. ಇದನ್ನು ಹೆಂಡತಿಗೆ ಹೇಳಿದೆ. ಅವಳು "ನನಗೇನು ಹೇಳ್ತೀರಾ, ಹೋಗಿ ಅವರಿಗೆ ಹೇಳಿ" ಎಂದಳು.

ನಮ್ಮ ಬೀದಿಯ ಮೂಲೆಯ ಆಟೋ ಸ್ಟ್ಯಾಂಡಿನಲ್ಲಿ ಕೇಳಿದೆ. ಅವರು ಈ ಕಡೆ ಬರುವುದೇ ಇಲ್ಲ, ಮಾಧವರಂ ಕಡೆ ಓಡಿಸುತ್ತಾರೆ, ಆಟೋಗೆ ಗ್ಯಾಸ್ ಹಾಕಿಸಿಕೊಂಡಿದ್ದಾರೆ ಎಂದರು. ಭಾನುವಾರ ಬೆಳಿಗ್ಗೆ ಹೋದೆ. ಗ್ಯಾಸ್ ತುಂಬಿಸುವ ಬಂಕಿನ ಮುಂದೆ ಆಟೋಗಳ ಸಾಲು ರಸ್ತೆಯವರೆಗೆ ಬಂದಿತ್ತು. ಅದರ ನಡುವೆ ಅವರು ಸೀಟಿನಲ್ಲಿ ಕೂತು ಪೇಪರ್ ಓದುತ್ತಿದ್ದರು. ನನ್ನನ್ನು ನೋಡಿ ಕೆಳಗಿಳಿದರು.

"ಬನ್ನಿ ಸಾರ್. ಪಾಪ ಚೆನ್ನಾಗವ್ಳಾ? ಕೆಮ್ಮು?"

ಚೆನ್ನಾಗಿದ್ದಾಳೆ ಎಂದೆ. ನಿಂತೇ ಎಲ್ಲ ಹೇಳಿದೆ. ಅದು ಬಂಕಿನಲ್ಲಿ ಹಾಕುವ ಆಯಿಲ್‌ನ ಕಲೆ ಇರಬೇಕು, ನಾನು ಅವಸರ ಮಾಡಿದೆ, ತಪ್ಪು ನನ್ನದು ಎಂದೆ. ಅವರು ಬೈಯುತ್ತಾರೆ ಎಂದುಕೊಂಡಿದ್ದೆ. ಬೈದಿದ್ದರೆ ಹಗುರವಾಗುತ್ತಿತ್ತು. ಅವರು ಪೇಪರನ್ನು ಮಡಿಸಿ ಸೀಟಿನ ಕೆಳಗೆ ಇಟ್ಟರು.

"ಆಯಿಲ್ ದಿನಾ ನನ್ ಕಣ್ಮುಂದೇನೆ ಹಾಕ್ತಿದ್ರು ಸಾರ್. ಆದ್ರೂ ನನಗ್ ಹೊಳೀಲಿಲ್ಲ. ನೀವೇ ಹೇಳಿದ್ಮೇಲೆ ಸುಳ್ಳಾಗಲ್ಲ ಅಂದ್ಕೊಂಡೆ. ನಾನಂತೂ ಹಾಕಿಲ್ಲ. ಹಂಗಾದ್ರೆ ಬಂಕ್‌ನೋನೇ ಹಾಕವ್ನೆ ಅಂತ ಅಲ್ಲಿಗೇ ಹೋದೆ."

ಅವರು ಮುಂದುವರಿಸಿದರು. ಆ ಬಂಕಿನಲ್ಲಿ ಎಷ್ಟೋ ವರ್ಷದಿಂದ ಒಬ್ಬನೇ ಇವರ ಆಟೋಗೆ ಪೆಟ್ರೋಲು ಹಾಕುತ್ತಿದ್ದನಂತೆ, ಅಣ್ಣಾ ಎಂದು ಕರೆಯುತ್ತಿದ್ದನಂತೆ. ಇವರು ನಾಲ್ಕು ಡ್ರೈವರುಗಳನ್ನು ಕಟ್ಟಿಕೊಂಡು ಹೋಗಿ, ಕಾಗದ ತೋರಿಸಿ, ಎಲ್ಲರ ಮುಂದೆ ಅವನ ಕಾಲರ್ ಹಿಡಿದರಂತೆ. ವಿಷಯ ದೊಡ್ಡದಾದರೆ ಪರೀಕ್ಷೆ, ತನಿಖೆಯ ತೊಂದರೆ ಬರುತ್ತದೆ ಎಂದು ಮಾಲೀಕ ಅವತ್ತೇ ಅವನನ್ನು ಕೆಲಸದಿಂದ ತೆಗೆದನಂತೆ.

"ನಾನ್ ಹಾಕಿಲ್ಲ ಅಣ್ಣಾ ಅಂದ ಸಾರ್. ನನ್ ಕೈ ಹಿಡ್ಕೊಂಡೇ ಅಂದ. ನಾನ್ ನಂಬಲಿಲ್ಲ."

"ಈಗ ಎಲ್ಲಿದ್ದಾನೆ?"

"ತಿರುವಳ್ಳೂರ್ ಕಡೆ ಅವ್ನೆ ಅಂತಾರೆ. ಸರಿಯಾಗ್ ಗೊತ್ತಿಲ್ಲ." ಆಮೇಲೆ ಅವರೇ ಕೇಳಿದರು. "ಹುಡುಕಿದ್ರೆ ಸಿಗ್ತಾನೆ ಸಾರ್. ಸಿಕ್ಕಿದ್ರೆ ನೀವು ನನ್ ಜೊತೆ ಬರ್ತೀರಾ? ನಾನೊಬ್ನೇ ಹೋಗಿ ಹೇಳಿದ್ರೆ ಚೆನ್ನಾಗಿರಲ್ಲ."

ಬರುತ್ತೇನೆ ಎಂದೆ. ಖಂಡಿತ ಬರುತ್ತೇನೆ ಎಂದು ಇನ್ನೊಮ್ಮೆ ಹೇಳಿದೆ. ಅಷ್ಟರಲ್ಲಿ ಸಾಲು ಮುಂದೆ ಸರಿಯಿತು, ಹಿಂದಿನವರು ಹಾರ್ನ್ ಹೊಡೆದರು. ಅವರು ತಲೆಯಾಡಿಸಿ, ಎಂಜಿನ್ ಹಾಕದೆ ಆಟೋವನ್ನು ಕೈಯಲ್ಲೇ ತಳ್ಳಿಕೊಂಡು ಮುಂದೆ ಹೋದರು. ನಾನು ಬೈಕು ಹತ್ತಿ ಮನೆಗೆ ಬಂದೆ. ಅವರು ನನ್ನ ಫೋನ್ ನಂಬರು ಕೇಳಿರಲಿಲ್ಲ. ನಾನೂ ಕೊಟ್ಟಿರಲಿಲ್ಲ. ಕೊಡಬೇಕು ಎಂದು ಅಲ್ಲಿ ನಿಂತಾಗಲೇ ನನಗೆ ಹೊಳೆದಿತ್ತು.