ನಾನು ಕತ್ತರಿಸಿದ ಮಾತು

ಇಪ್ಪತ್ತು ವರ್ಷದಿಂದ ನಾನು ಬೇರೆಯವರ ಮಾತು ಕತ್ತರಿಸಿ ಅನ್ನ ತಿನ್ನುತ್ತಿದ್ದೇನೆ. ಸಾಕ್ಷ್ಯಚಿತ್ರ, ಟಿವಿ ಕಾರ್ಯಕ್ರಮಗಳ ಎಡಿಟರ್ ಎಂದರೆ ತಿಪಟೂರಿನ ನಮ್ಮ ನೆಂಟರ ತಲೆಗೆ ಹೋಗುವುದಿಲ್ಲ. "ಮದ್ವೆ ವಿಡಿಯೋ ಮಾಡ್ತೀಯೇನ್ಲಾ?" ಎನ್ನುತ್ತಾರೆ. ಅದನ್ನೇ ಮಾಡಿಕೊಂಡಿದ್ದರೆ ಚೆನ್ನಾಗಿತ್ತು.

ಎರಡು ವರ್ಷದ ಹಿಂದೆ, ತೆಂಗಿನಮರ ಹತ್ತಿ ಕಾಯಿ ಕೀಳುವವರ ಬಗ್ಗೆ ಅರ್ಧ ಗಂಟೆಯ ಕಾರ್ಯಕ್ರಮವೊಂದು ನನ್ನ ಕೈಗೆ ಬಂತು. ಅದರಲ್ಲಿ ಚಿಕ್ಕನಾಯಕನಹಳ್ಳಿ ಕಡೆಯ ಹೆಂಗಸೊಬ್ಬಳು ಮಾತಾಡಿದ್ದಳು. ಅವಳ ಗಂಡ ಮರದಿಂದ ಬಿದ್ದು ಸತ್ತಿದ್ದ.

"ಅವತ್ತು ಜ್ವರ ಇತ್ತು ಕಣ್ರೀ. ಹೋಗ್ಬ್ಯಾಡಿ ಅಂದೆ. ತೋಟದೋರು ಮೂರು ಸಲ ಫೋನ್ ಮಾಡುದ್ರು. ಇವರು ಎದ್ದು ಹೊಂಟೇಬುಟ್ರು. ಇನ್ನೇನ್ ಮಾಡ್ಲಿ, ಹೋಗ್ಬನ್ನಿ ಅಂದೆ."

ಕಾರ್ಯಕ್ರಮ ಹನ್ನೊಂದು ಸೆಕೆಂಡು ಹೆಚ್ಚಾಗಿತ್ತು. ಅವಳ ಮೊದಲ ಮಾತು, ಕೊನೆಯ ಮಾತು ಉಳಿಸಿಕೊಂಡು ನಡುವಿನದನ್ನು ತೆಗೆದೆ. ಜ್ವರ ಇತ್ತು ಕಣ್ರೀ, ಹೋಗ್ಬನ್ನಿ ಅಂದೆ. ಕೇಳಿದವರ ಎದೆ ಝಲ್ಲೆನ್ನುವಂತಿತ್ತು. ಸುಳ್ಳು ಯಾಕೆ ಹೇಳಲಿ, ಖುಷಿಯಾಯಿತು. ನಿರ್ದೇಶಕರೂ ಬೆನ್ನು ತಟ್ಟಿದರು. ಪ್ರಸಾರವಾದ ಮೇಲೆ, ಎಂದಿನಂತೆ, ಶೂಟಿಂಗ್ ಮಾಡಿದ್ದನ್ನೆಲ್ಲ ಅಳಿಸಿ ಹಾರ್ಡ್ ಡಿಸ್ಕ್ ಖಾಲಿ ಮಾಡಿದೆ.

ಆರು ತಿಂಗಳಾದ ಮೇಲೆ ಚಿಕ್ಕನಾಯಕನಹಳ್ಳಿಯಲ್ಲಿರುವ ನನ್ನ ತಂಗಿ ಫೋನ್ ಮಾಡಿದಳು. ಆ ಹೆಂಗಸು, ಎಡಿಟ್ ಮಾಡಿದವರು ಯಾರೆಂದು ಅವರಿವರನ್ನು ವಿಚಾರಿಸಿಕೊಂಡು ತಂಗಿಯ ಮನೆಗೇ ಬಂದಿದ್ದಳಂತೆ. ಕಾರ್ಯಕ್ರಮ ನೋಡಿದ ಅತ್ತೆ, ಜ್ವರ ಬಂದವನನ್ನು ಸಾಯಲು ಕಳಿಸಿದೆ ಎಂದು ಸೊಸೆಯನ್ನು ಹೊರಗೆ ಹಾಕಿ, ಐದು ವರ್ಷದ ಮೊಮ್ಮಗಳನ್ನು ತಾನೇ ಇಟ್ಟುಕೊಂಡಿದ್ದಳು.

ಹೋದೆ. ತಂಗಿಯ ಮನೆಯ ಜಗಲಿಯ ಮೇಲೆ ಕೂತಿದ್ದವಳು ನನ್ನನ್ನು ಕಂಡು ಎದ್ದು ನಿಂತಳು. ಬೈಯುತ್ತಾಳೆ ಎಂದುಕೊಂಡಿದ್ದೆ, ಬೈದಿದ್ದರೆ ಎಷ್ಟೋ ವಾಸಿಯಿತ್ತು.

"ಅಣ್ಣ, ನಾನು ಹೇಳಿದ್ದು ಪೂರ್ತಿ ಇರ್ತದಲ್ಲ, ಅದನ್ನ ಕೊಡ್ರಿ. ನಮ್ಮತ್ತೆ ಒಂದ್ಸಲ ಕೇಳುದ್ರೆ ಸಾಕು, ಮಗೀನ ಕಳುಸ್ತಾರೆ."

ಅದನ್ನು ಅಳಿಸಿಬಿಟ್ಟೆ, ಈಗ ಎಲ್ಲೂ ಇಲ್ಲ ಎಂದು ಹೇಳಿದೆ. ಅವಳು ಅಳಲಿಲ್ಲ, ಎಲ್ಲೂ ಇಲ್ಲ ಎನ್ನುವುದನ್ನು ನಂಬಲೂ ಇಲ್ಲ. ನಾನೇ ಹೋಗಿ ನಿಮ್ಮತ್ತೆಗೆ ಹೇಳುತ್ತೇನೆ ಎಂದು ಮಾತು ಕೊಟ್ಟು ಹೊರಟೆ.

ಅವಳ ಅತ್ತೆ, ಮನೆಯ ಮುಂದೆ ಕೂತು ತೆಂಗಿನ ಗರಿ ಸೀಳಿ ಪೊರಕೆ ಕಡ್ಡಿ ತೆಗೆಯುತ್ತಿದ್ದಳು. ನಾನು ಏನು ಕತ್ತರಿಸಿದೆ, ಯಾಕೆ ಕತ್ತರಿಸಿದೆ, ಎಲ್ಲ ಹೇಳಿದೆ. ತಪ್ಪು ನಂದು ಎಂದು ಕೈಮುಗಿದೆ. ಅವಳು ಸೆರಗಿಗೆ ಕೈ ಒರೆಸಿಕೊಂಡು, ಒಳಗಿಂದ ಮೊಬೈಲ್ ತಂದು ಒತ್ತಿದಳು. ಅದೇ ತುಣುಕು. ಜ್ವರ ಇತ್ತು ಕಣ್ರೀ. ಹೋಗ್ಬನ್ನಿ ಅಂದೆ. ಕತ್ತರಿಸಿದ್ದು ಇಲ್ಲೇ ನೋಡಿ ಎಂದು ಬೆರಳು ಚಾಚಿದೆ. ತೋರಿಸುವಂಥದ್ದು ಏನೂ ಕಾಣಲಿಲ್ಲ. ಅಷ್ಟು ಚೆನ್ನಾಗಿ ಜೋಡಿಸಿದ್ದೆ.

"ನೀವು ಓದಿದೋರು, ಏನ್ ಬೇಕಾದ್ರೂ ಹೇಳ್ತೀರಿ ಬುಡಪ್ಪ," ಎಂದಳು. "ನಾನು ಅವಳ ಬಾಯಿಂದ್ಲೇ ಕೇಳಿದೀನಿ."