ಮೇಲಿನ ಪೋರ್ಷನ್‌ನ ಹಕ್ಕಿಗಳು

ಮಾವನ ತಲೆಯ ಮೇಲೆ, ಈ ಕಿವಿಯಿಂದ ಆ ಕಿವಿಯವರೆಗೆ, ಕೂದಲಿನಲ್ಲಿ ಒಂದು ಹಳ್ಳ ಬಿದ್ದಿತ್ತು. ಎಣ್ಣೆ ಹಚ್ಚಿ ಬಾಚಿದರೂ ಅದು ಹೋಗುತ್ತಿರಲಿಲ್ಲ. ಕೋಡಂಬಾಕ್ಕಂನ ಒಂದು ಸ್ಟುಡಿಯೋದಲ್ಲಿ ಸಿನಿಮಾಗಳಿಗೆ ಶಬ್ದ ಕೂಡಿಸುವ ಕೆಲಸ ಅವನದು. ಹಗಲೆಲ್ಲ ಹೆಡ್‌ಫೋನ್ ಹಾಕಿಕೊಂಡೇ ಇರಬೇಕು. ಮುಂದೆ ನಾನು ಟೆಲಿಫೋನ್ ಎಕ್ಸ್‌ಚೇಂಜಿಗೆ ಸೇರಿ ನನ್ನ ತಲೆಯಲ್ಲೂ ಅಂಥದೇ ಹಳ್ಳ ಬಿದ್ದಾಗ ಅಮ್ಮ, "ಮಾವನ ಆಸ್ತಿ ಸೊಸೆಗೇ ಬಂತು ನೋಡು" ಎಂದು ನಕ್ಕಿದ್ದಳು.

ಅವನು ಅಮ್ಮನ ತಮ್ಮ, ಮದುವೆಯಾಗದೆ ನಮ್ಮ ಜೊತೆಗೇ ಇದ್ದವ. ಒಂದು ಕಡೆ ಕೂತದ್ದನ್ನು ನಾನು ಕಂಡಿಲ್ಲ. ಊಟಕ್ಕೆ ಕೂತರೆ ಮಜ್ಜಿಗೆ ಅನ್ನ ಬರುವ ಮೊದಲೇ ಹಿತ್ತಲಲ್ಲಿ ಏನೋ ಸಿಳ್ಳೆ ಹಾಕಿತೆಂದು ಎಂಜಲು ಕೈಯಲ್ಲೇ ಎದ್ದು ಓಡುತ್ತಿದ್ದ. "ಕಾಲಿಗೆ ಚಕ್ರ ಕಟ್ಕೊಂಡೇ ಹುಟ್ಟಿದಾನೆ. ಇವನಿಗೆ ಹೆಣ್ಣು ಕೊಟ್ರೆ ಅವಳೂ ಹಿಂದೆ ಹಿಂದೆ ಓಡ್ಬೇಕು" ಎಂದು ಅಮ್ಮ ಗೊಣಗುತ್ತಿದ್ದಳು. ಬಸ್ ಸ್ಟಾಪಿನಲ್ಲೂ ಅವನು ನಿಲ್ಲುತ್ತಿರಲಿಲ್ಲ, ಮುಂದಿನ ಸ್ಟಾಪಿನವರೆಗೆ ನಡೆದೇ ಬಿಡುತ್ತಿದ್ದ. ಅಷ್ಟರಲ್ಲಿ ಬಸ್ಸು ಅವನನ್ನು ದಾಟಿ ಹೋಗಿರುತ್ತಿತ್ತು. ನನಗೂ ತಾಳ್ಮೆ ಕಡಿಮೆ, ಆದರೆ ಅವನ ಮುಂದೆ ನಾನು ಕಲ್ಲುಬಂಡೆ.

ಭಾನುವಾರ ಬೆಳಗಾದರೆ "ಸೀಕ್ರಂ, ಸೀಕ್ರಂ" ಎಂದು ಅವಸರ ಮಾಡಿ ನನ್ನನ್ನು ಎಬ್ಬಿಸಿ ರೈಲು ಹತ್ತಿಸುತ್ತಿದ್ದ. ಐವತ್ತರ ದಶಕ ಮುಗಿಯುತ್ತಿದ್ದ ಕಾಲ, ನಾನಿನ್ನೂ ಕಾಲೇಜಿನಲ್ಲಿದ್ದೆ. ಗಿಂಡಿಯಲ್ಲಿ ಇಳಿದು, ಕಾಡಿನ ಬೇಲಿಯ ಪಕ್ಕದ ಕಾಲುದಾರಿ ಹಿಡಿದರೆ ಬಿಸಿಲೇರುವವರೆಗೂ ನಡಿಗೆ. ಹಕ್ಕಿ ಗುರುತಿಸುವುದನ್ನು ಅವನು ಕಲಿಸಿದ ರೀತಿ ಯಾವ ಪುಸ್ತಕದಲ್ಲೂ ಇರಲಾರದು. ನಾವಿದ್ದದ್ದು ಮದರಾಸಿನ ಎಲ್ಲರಂತೆ ಪೋರ್ಷನ್ ಮಾಡಿ ಬಾಡಿಗೆಗೆ ಕೊಟ್ಟ ಮನೆಯಲ್ಲಿ: ಕೆಳಗೆ ನಾವು, ನಡುವೆ ಒಬ್ಬ ತಮಿಳು ಮೇಷ್ಟ್ರ ಸಂಸಾರ, ಮೇಲೆ ಮನೆ ಓನರ್ರು. ಮಾವನಿಗೆ ಕಾಡೂ ಹಾಗೆಯೇ.

ನಾನು ಮೊದಲ ಸಲ, "ಮಾವ, ಕಿತ್ತಳೆ ಎದೆಯ ಹಕ್ಕಿ" ಎಂದು ಕೂಗಿದಾಗ ಅವನು ತಿರುಗಿಯೂ ನೋಡಲಿಲ್ಲ.

"ಯಾವ ಪೋರ್ಷನ್?"

"ಪೋರ್ಷನ್ ಅಂದ್ರೆ?"

"ಬಣ್ಣ ಆಮೇಲೆ ಹೇಳಮ್ಮ. ಕಿತ್ತಳೆ ಬಟ್ಟೆ ಯಾರು ಬೇಕಾದ್ರೂ ಉಟ್ಕೋತಾರೆ. ನೆಲದ ಮೇಲೆ ತರಗೆಲೆ ಕೆದಕ್ತಾ ಇದ್ರೆ ಅದು ನೆಲಸಿಳ್ಳಾರ. ನಡುವೆ, ನೆರಳಲ್ಲಿ, ಬೆನ್ನು ನೀಲಿ ಇದ್ರೆ ನೊಣಹಿಡುಕ. ತುದೀಲಿ ಒಂದರ ಹಿಂದೆ ಒಂದು ಓಡ್ತಾ ಇದ್ರೆ ಚಿತ್ರಪಕ್ಷಿ. ಮೊದ್ಲು ಯಾರು ಎಲ್ಲಿದಾರೆ ಹೇಳು, ಹೆಸರು ತಾನೇ ಬರತ್ತೆ."

ಹಾಗೆ ನನಗೆ ಆ ಕಾಡಿನ ಬಾಡಿಗೆದಾರರೆಲ್ಲ ಪರಿಚಯವಾದರು. ಮದರಾಸಿನ ಅಕ್ಟೋಬರ್ ಮಳೆಗೆ ಮುಂಚೆ ಬಂದು ಕೆಳಗಿನ ಪೋರ್ಷನ್ ಹಿಡಿಯುವ ನವರಂಗ. ಹಸಿರು, ನೀಲಿ, ಕೆಂಪು ಎಲ್ಲ ಮೈಮೇಲೆ ಹಾಕಿಕೊಂಡೂ ತರಗೆಲೆಯಲ್ಲಿ ಕಾಣದಂತೆ ಕುಪ್ಪಳಿಸುತ್ತಿತ್ತು. ನಡುವಿನ ಕೊಂಬೆಗಳಲ್ಲಿ ಬಾಲದ ರಿಬ್ಬನ್ನು ಎಳೆದಾಡುವ ರಾಜಹಕ್ಕಿ. ಮೇಲೆ ಹಳದಿಯ ಹೊನ್ನಕ್ಕಿ, ಮತ್ತೆ ಮಾವನಿಗೆ ಎಲ್ಲಕ್ಕಿಂತ ಪ್ರಿಯವಾದ ಪುಟ್ಟ ಚಿತ್ರಪಕ್ಷಿಗಳು: ಬೂದು ಬೆನ್ನು, ಕೆಂಡದಂಥ ಎದೆ, ಗುಂಪಾಗಿ ಮರದಿಂದ ಮರಕ್ಕೆ ಹೋಗುತ್ತಲೇ ಇರುವ ಜಾತಿ. ಅವುಗಳ ಸಿಳ್ಳೆ ಸೂಜಿಯಷ್ಟು ಸಣ್ಣ. ಮಾವ ಅದನ್ನು ಕೇಳಿದ ಮೇಲೇ ಕತ್ತೆತ್ತುತ್ತಿದ್ದ. "ನನ್ನ ಹಾಗೇ, ಕೂರೋದಿಲ್ಲ ಇವು" ಎನ್ನುತ್ತಿದ್ದ.

ಎಕ್ಸ್‌ಚೇಂಜಿಗೆ ಸೇರಿದ ಮೇಲೆ ಭಾನುವಾರವೂ ನನಗೆ ಡ್ಯೂಟಿ ಬೀಳತೊಡಗಿತು. ಮಾವ ಒಬ್ಬನೇ ಹೋಗಿಬರುತ್ತಿದ್ದ, ಬಂದವನು ಸಿಡಿಮಿಡಿಗುಟ್ಟುತ್ತಿದ್ದ. ಗಿಂಡಿಯ ಸುತ್ತ ಕಾರ್ಖಾನೆಗಳು ಏಳುತ್ತಿದ್ದವು. "ಮೇಲಿನ ಪೋರ್ಷನ್ ಖಾಲಿ. ಒಂದು ಚಿತ್ರಪಕ್ಷಿ ಇಲ್ಲ. ಹೊಗೆ ಬಿಟ್ಟು ಎಲ್ಲಾ ಓಡಿಸಿದ್ರು" ಎಂದು ಕಂಡಕಂಡವರ ಹತ್ತಿರ ಬೈಯುತ್ತಿದ್ದ. ಆಮೇಲೆ ಅವುಗಳನ್ನು ಹುಡುಕಿಕೊಂಡು ತಾಂಬರಂ ದಾಟಿ ಗುಡ್ಡಗಳವರೆಗೂ ಹೋದ. ಅಲ್ಲೂ ಇಲ್ಲ. ರಜೆ ಹಾಕಿ ಹೋದ, ಚಪ್ಪಲಿ ಸವೆಸಿದ, ಮೈ ಕರಗಿಸಿಕೊಂಡ. ರಾತ್ರಿ ಊಟದ ಹೊತ್ತಿಗೆ ಹಿತ್ತಲಿಗೆ ಹೋಗಿ ಬಂದು, ಹೋಗಿ ಬಂದು ಮಾಡುತ್ತಿದ್ದ. ಅಮ್ಮನಿಗೆ ದಿಗಿಲಾಗಿ ಎಲ್ಲ ದೇವರಿಗೂ ಹರಕೆ ಹೊತ್ತಳು. ನಾನಂತೂ ಅವನ ಮಾತು ನಂಬಿ ಕಾರ್ಖಾನೆಯವರನ್ನು ಅವನಿಗಿಂತ ಹೆಚ್ಚು ಬೈದೆ.

ಆ ಹೊತ್ತಿಗೆ ಅವನ ಕೈಗೆ ಒಂದು ಕನ್ನಡ ಸಿನಿಮಾ ಬಂತು. ಸ್ಟುಡಿಯೋದೊಳಗೇ ಕೊಂಬೆ ನೆಟ್ಟು ಕಾಡು ಮಾಡಿದ್ದರು. ಅದರಡಿ ನಾಯಕಿ ಕೂತು ಮನಸ್ಸಿನ ಮಾತು ಹೇಳಬೇಕು. ಕೋಗಿಲೆ ಹಾಕಿ ಎಂದರಂತೆ ನಿರ್ದೇಶಕರು. ಮಾವ ಒಪ್ಪಲಿಲ್ಲ. ಎಷ್ಟೋ ವರ್ಷದ ಹಿಂದೆ ಭಾರದ ಯಂತ್ರ ಹೊತ್ತು ಗಿಂಡಿಯಲ್ಲಿ ತಾನೇ ಹಿಡಿದ ಚಿತ್ರಪಕ್ಷಿಯ ಟೇಪು ಅವನ ಹತ್ತಿರ ಇತ್ತು. ಹಕ್ಕಿ ಹೋದರೂ ದನಿಯಾದರೂ ಉಳಿಯಲಿ ಎಂದು ಅದನ್ನೇ ಸೇರಿಸಿದ. ಚಿತ್ರ ತೋರಿಸುವ ಹಿಂದಿನ ದಿನ ಒಬ್ಬನೇ ಕೂತು, ಅವಸರದಲ್ಲಿ, ಆ ಭಾಗ ಮುಗಿಸಿದ್ದ.

ಬಿಡುಗಡೆಗೆ ಮುಂಚೆ ಕೆಲಸದವರ ಮನೆಯವರಿಗೆ ಸ್ಟುಡಿಯೋದಲ್ಲೇ ಆಟವಿತ್ತು. ನಾನೂ ಅಮ್ಮನೂ ಹೋಗಿದ್ದೆವು. ನಾಯಕಿ ಬಾಯಿ ತೆರೆದಳು. ತಟ್ಟೆಯ ಮೇಲೆ ಮೊಳೆ ಗೀಚಿದಂತೆ ಸಿಳ್ಳೆ ಹೊರಟಿತು. ಅವಳ ತುಟಿ ಅಲುಗುತ್ತಿದೆ, ಮಾತು ಕೇಳದು. ಹಿಂದೆ ಯಾರೋ ಕಿಸಕ್ಕೆಂದರು. ನಿರ್ದೇಶಕರು ತಿರುಗಿ ನೋಡಿದರು. ಮಾವ ಮಾತ್ರ ಕಿವಿಯ ಹಿಂದೆ ಕೈಯಿಟ್ಟು, ಎಲ್ಲೋ ದೂರದ್ದನ್ನು ಕೇಳುವವನಂತೆ ಮುಂದಕ್ಕೆ ಬಾಗಿ ಕೂತಿದ್ದ. ಎಕ್ಸ್‌ಚೇಂಜಿನಲ್ಲಿ ಕಿವಿ ಮಂದವಾದವರನ್ನು ನಾನು ನೋಡಿದ್ದೆ. ಮಾತು ಕೇಳುತ್ತಿದ್ದರೂ ಮೊದಲು ಹೋಗುವುದು ಇಂಥ ಸಣ್ಣ ಸಿಳ್ಳೆಯೇ.

ಮನೆಗೆ ಬರುವಾಗ ರೈಲ್ವೆ ಗೇಟು ಹಾಕಿತ್ತು. ಮಾವ ಎಂದಿನಂತೆ ಅತ್ತಿಂದಿತ್ತ ಓಡಾಡುತ್ತ ಕೇಳಿದ:

"ಹಕ್ಕಿ ಹೇಗಿತ್ತು?"

ನನಗೆ ಸುತ್ತಿಬಳಸಿ ಹೇಳಲು ಬರುವುದಿಲ್ಲ. "ಜೋರಾಯ್ತು ಮಾವ. ಆ ಹುಡುಗಿ ಮಾತೇ ಕೇಳಿಸ್ಲಿಲ್ಲ."

"ಏನು ಜೋರು? ನನಗೇ ಸರಿಯಾಗಿ ಕೇಳ್ತಿಲ್ಲ. ಟೇಪು ಹಳೇದಾಗಿದೆ ಅಂತ ನಾನೇ ಏರ್ಸಿದ್ದು."

"ಕಿವಿ ಮುಚ್ಕೊಳ್ಳೋಣ ಅನ್ನಿಸ್ತು ಕಣೋ" ಎಂದಳು ಅಮ್ಮ, ಮೆಲ್ಲಗೆ.

ರೈಲು ಬಂದು ಹೋಯಿತು. ಗೇಟು ಎತ್ತಿದರು. ಸೈಕಲ್ಲಿನವರು ಗಂಟೆ ಬಾರಿಸುತ್ತ, "ವಳಿ ವಿಡುಂಗ ಸಾರ್" ಎಂದು ದಾರಿ ಬಿಡಲು ಕೂಗುತ್ತ, ಬೈಯುತ್ತ ಪಕ್ಕದಿಂದ ನುಗ್ಗಿದರು. ಮಾವ ಅಲುಗಲಿಲ್ಲ. ಹುಟ್ಟಿದಾಗಿನಿಂದ ನಿಲ್ಲದವನು ದಾರಿಯ ನಡುವೆ ನಿಂತುಬಿಟ್ಟಿದ್ದ. ನನಗೆ ಅಳು ಬಂತು, ಅದಕ್ಕೆ ಸಿಟ್ಟೂ ಬಂತು.

ಕೆಲಸ ಹೋಗುತ್ತದೆ ಅಂತಾನೆ, ನಾಲ್ಕು ಜನ ನಕ್ಕರು ಅಂತಾನೆ ಎಂದುಕೊಂಡೆ. ಅವನು ಹೇಳಿದ್ದು ಬೇರೆ.

"ಹಾಗಾದ್ರೆ ಹಕ್ಕಿಗಳು ಹೋಗಿಲ್ಲ."

ಆ ಭಾನುವಾರ ಡ್ಯೂಟಿ ತಪ್ಪಿಸಿ ಅವನ ಜೊತೆ ಗಿಂಡಿಗೆ ಹೋದೆ. ಬೇಲಿಯ ಹತ್ತಿರ ಕಾಲಿಟ್ಟೆವೋ ಇಲ್ಲವೋ, ತುದಿಯೆಲ್ಲ ಸಿಳ್ಳೆ. ಮೊಣಕೈ ಮುಟ್ಟಿ ತೋರಿಸಿದೆ. ಕತ್ತೆತ್ತಿ ನೋಡಿದ. ಕೆಂಡದ ಎದೆಗಳು ಒಂದರ ಹಿಂದೆ ಒಂದು ಬಿಸಿಲಿನಲ್ಲಿ ದಾಟುತ್ತಿದ್ದವು. "ಇಷ್ಟು ದಿನ ತಲೆ ಮೇಲೇ ಇದ್ವು. ನಾನು ಊರೂರು ಸುತ್ತಿದೆ" ಎಂದು ನಗತೊಡಗಿದ. ಕಾರ್ಖಾನೆಯ ಕಡೆಗೆ ತಿರುಗಿ ಕೈಮುಗಿದು ಕ್ಷಮೆ ಕೇಳಿದ್ದೂ ಉಂಟು, ತಮಾಷೆಗೆ. ಆಮೇಲೆ ನಾನು ಒಂದು ಆಟ ಕಂಡುಹಿಡಿದೆ. ಅವುಗಳ ಸಿಳ್ಳೆಯನ್ನು ತಗ್ಗಿನ ಸ್ವರಕ್ಕೆ ಇಳಿಸಿ ಅವನ ಕಿವಿಯ ಹತ್ತಿರ ಗುನುಗಿದೆ. ಮಾವ ಕಣ್ಣು ಮುಚ್ಚಿ ಕೇಳಿ, "ಮೇಲಿನ ಮನೆಯವರು ಕೆಳಗೆ ಇಳಿದು ಬಂದ್ರು" ಎಂದ.

ಮರುದಿನ ತಾನೇ ಹೋಗಿ ನಿರ್ದೇಶಕರಿಗೆ ತನ್ನ ಕಿವಿಯ ಸಂಗತಿ ಹೇಳಿದ. ಬೇರೆಯವರು ಕೇಳಿ ಶಬ್ದ ಕೂಡಿಸಿದ ಮೇಲೆ ಆ ದೃಶ್ಯ ಸರಿಹೋಯಿತು, ಹಕ್ಕಿ ಉಳಿಯಿತು. ಅವನಿಗೆ ಟೇಪುಗಳನ್ನು ಇಡುವ ಕೋಣೆಯ ಕೆಲಸ ಕೊಟ್ಟರು. ಅಲ್ಲೂ ಕೂರಲಿಲ್ಲ ಬಿಡಿ.

ಅರವತ್ತರ ದಶಕದ ಕೊನೆಗೆ ಎದೆನೋವು ಅವನನ್ನು ಮಲಗಿಸಿತು. ಆಸ್ಪತ್ರೆಯಲ್ಲಿ ನರ್ಸುಗಳು ಅವನನ್ನು ಮಂಚದ ಮೇಲೆ ಇರಿಸುವುದರಲ್ಲೇ ಸುಸ್ತಾಗುತ್ತಿದ್ದರು. ಒಂದು ಬೆಳಿಗ್ಗೆ ಕಿಟಕಿಯಾಚೆಯ ಬೇವಿನಮರಕ್ಕೆ ಚಿತ್ರಪಕ್ಷಿಗಳು ಬಂದವು. ನಾನು ಬಾಗಿ ಅವನ ಕಿವಿಯಲ್ಲಿ ಗುನುಗಿದೆ.

"ಯಾವ ಪೋರ್ಷನ್?" ಎಂದ.

"ಮೇಲಿಂದು ಮಾವ."

"ಖಾಲಿ ಇಲ್ಲ ತಾನೆ?"

"ಇಲ್ಲ. ತುಂಬಿದೆ."

ಹಕ್ಕಿ ಬಂದಿದೆ ಎಂದು ಗೊತ್ತಾದ ಮೇಲೂ ಅವನು ಏಳದಿದ್ದದ್ದು ಅದೇ ಮೊದಲು. ಸಂಜೆಗೆ ಹೋಗಿಬಿಟ್ಟ.

ಈಗ ನನಗೂ ಆ ಸಿಳ್ಳೆ ಕೇಳುವುದಿಲ್ಲ. ಮೊದಮೊದಲು ಊರನ್ನು ಬೈಯಲು ಬಾಯಿ ತೆರೆದಿದ್ದೆ. ಆಮೇಲೆ ಮಾವನ ನೆನಪಾಗಿ ಮರದಡಿ ನಿಂತು ಕತ್ತೆತ್ತಿ ನೋಡಿದೆ. ಮೇಲಿನ ಮನೆಯವರು ಇದ್ದಾರೆ.