ಬೇವಿನ ನೆರಳಿನ ಎರಡು ಫೋಟೊ

ದೆವ್ವ ಭೂತ ಎಂದರೆ ನಗುತ್ತಿದ್ದವನು ನಾನು. ಫೋಟೊದಲ್ಲಿ ಸತ್ತವರು ಕಂಡರೆಂದು ಗಿರಾಕಿಗಳು ಯಾರಾದರೂ ಬಂದರೆ, ಒಂದೇ ಫಿಲ್ಮಿನ ಮೇಲೆ ಎರಡು ಸಲ ತೆಗೆದಿರಬೇಕು ಎಂದು ಸಾಗಹಾಕುತ್ತಿದ್ದೆ. ಈಗ ನಗುವುದಿಲ್ಲ. ನಂಬುತ್ತೇನೆಂದೂ ಹೇಳಲಾರೆ.

ಐವತ್ತರ ದಶಕದ ಕೊನೆಯ ಮಾತು. ಸೊಲ್ಲಾಪುರದ ನವಿ ಪೇಠದಲ್ಲಿ ನಾನೂ ಗೆಳೆಯ ಗುರುನಾಥನೂ ಸೇರಿ ಫೋಟೊ ಅಂಗಡಿ ನಡೆಸುತ್ತಿದ್ದೆವು. ಬಯಲಿನ ಫೋಟೊ ಎಂದರೆ ಗುರುನಾಥನದೇ ಎಂದು ಎಲ್ಲರೂ ಹೇಳುತ್ತಿದ್ದರು. ನನಗದು ಸೇರುತ್ತಿರಲಿಲ್ಲ.

ಆ ವರ್ಷ ನಮ್ಮೂರು ಕುಂಭಾರಿಯಲ್ಲಿ ಅಪ್ಪ ತೀರಿಕೊಂಡ. ಅವನ ಒಂದೂ ಫೋಟೊ ಇರಲಿಲ್ಲ. ನಾನು ಎಷ್ಟು ಕರೆದರೂ ಕ್ಯಾಮೆರಾದ ಮುಂದೆ ಕೂತವನಲ್ಲ. ಮಧ್ಯಾಹ್ನ ಅವನು ಕೂರುತ್ತಿದ್ದ ಹೊಲದ ಬೇವಿನ ಮರವನ್ನಾದರೂ ತೆಗೆದುಕೊಡು ಎಂದಳು ಅವ್ವ. ಹೊಲವೆಲ್ಲ ಬರಲೆಂದು ಅಗಲ ನೋಟದ ಲೆನ್ಸಿನಲ್ಲಿ ತೆಗೆದೆ.

"ಗಿಡಾ ಇಷ್ಟ್ ದೂರ ಎಲ್ಲ್ಯದೋ? ಓಡಿ ಹೋದಂಗ ಕಾಣಸ್ತದ" ಎಂದಳು ಅವ್ವ, ಫೋಟೊ ನೋಡಿ. ದೂರದ್ದನ್ನು ಹತ್ತಿರಕ್ಕೆ ತರುವ ಲೆನ್ಸಿನಲ್ಲಿ ತೆಗೆದರೆ ಹಿಂದಿನ ಬಾವಿಕಟ್ಟೆ ಮರದ ಬೆನ್ನಿಗೆ ಅಂಟಿಕೊಂಡಿತು. ಅದೂ ಬೇಡವಾಯಿತು. "ಗುರೂನ್ನ ಕರಕೊಂಡು ಬಾ" ಎಂದಳು. ಹಿತ್ತಲ ಗಿಡ ಮದ್ದಲ್ಲ ಎಂಬ ಗಾದೆಯನ್ನು ನಮ್ಮವ್ವನೇ ಕಟ್ಟಿರಬೇಕು.

ಗುರುನಾಥ ಬಂದ. ನನ್ನ ಕ್ಯಾಮೆರಾಕ್ಕೇ ತನ್ನ ಐವತ್ತೆಂಟು ಮಿಲಿಮೀಟರಿನ ಲೆನ್ಸು ಹಾಕಿ ಸ್ಟ್ಯಾಂಡಿನ ಮೇಲೆ ನಿಲ್ಲಿಸಿದ. "ಒಂದ ಕಣ್ಣ ಕಿಂಡಿಗೆ ಹಚ್ಚಿ, ಎರಡೂ ಕಣ್ಣ ತೆರದ ನೋಡು. ಕಿಂಡ್ಯಾಗಿನ ಗಿಡಾ, ಬರೇ ಕಣ್ಣಿನ ಗಿಡಾ ಒಂದಕ್ಕೊಂದು ಕೂಡಬೇಕು. ಕೂಡಿದ್ರ ಅದೇ ಖರೇ ಲೆನ್ಸು" ಎಂದ. ನೋಡಿದೆ. ಕೂಡಿದವು. ಹೊಟ್ಟೆ ಉರಿದುಹೋಯಿತು. ಹಟಕ್ಕೆ ನಾನೇ ಮೊದಲು ಗುಂಡಿ ಒತ್ತಿದೆ. ಕ್ಯಾಮೆರಾ ಕದಲಿಸದೆ ಫಿಲ್ಮ್ ಸುತ್ತಿದೆ. ಆಮೇಲೆ ಅವನು ಒತ್ತಿದ. ಮರದ ಕೆಳಗೆ ಯಾರೂ ಇರಲಿಲ್ಲ.

ಫಿಲ್ಮ್ ತೊಳೆದವನೂ ನಾನೇ. ನನ್ನ ಫೋಟೊದಲ್ಲಿ ಮರವಿತ್ತು, ನೆರಳಿತ್ತು. ಅವನ ಫೋಟೊದಲ್ಲಿ ಆ ನೆರಳಿನಲ್ಲಿ ಅಪ್ಪ ಕೂತಿದ್ದ, ಬಿಚ್ಚಿದ ರುಮಾಲು ಮೊಣಕಾಲ ಮೇಲಿಟ್ಟುಕೊಂಡು, ನೇರ ಕ್ಯಾಮೆರಾವನ್ನೇ ನೋಡುತ್ತ. ಗುರುನಾಥನ ಮುಖ ಬಿಳಿಚಿಕೊಂಡಿತು. "ನಿನ್ನಾಣಿ, ನಾ ಏನೂ ಮಾಡಿಲ್ಲೋ" ಎಂದ. ಏನು ಮಾಡಲು ಸಾಧ್ಯವಿತ್ತು? ಮೇಲೆ ಕೂಡಿಸಲು ಅಪ್ಪನ ಫೋಟೊ ಎಂಬುದೇ ಲೋಕದಲ್ಲಿರಲಿಲ್ಲ.

ಅವ್ವ ಮಾತ್ರ ಹೆದರಲಿಲ್ಲ. "ಗುರು ತೆಗೀತಾನಂದ್ರ ಕುಂತಾನ ನೋಡು" ಎಂದು ಕಣ್ಣೊರೆಸಿಕೊಂಡಳು. ನನ್ನ ಫೋಟೊವನ್ನು ಕೈಗೂ ತೆಗೆದುಕೊಳ್ಳಲಿಲ್ಲ.

ಸತ್ತವನು ಹೇಗೆ ಬಂದ ಎಂದು ನೋಡಿದವರೆಲ್ಲ ಕೇಳುತ್ತಾರೆ. ನನಗೆ ಗೊತ್ತಿಲ್ಲ. ನನ್ನನ್ನು ಕೊರೆಯುವ ಪ್ರಶ್ನೆ ಬೇರೆ. ಗುರುನಾಥ ಒತ್ತುವುದಕ್ಕೆ ಒಂದು ಗಳಿಗೆ ಮುಂಚೆ ನಾನು ಗುಂಡಿ ಒತ್ತಿದಾಗ, ಅಪ್ಪ ಎಲ್ಲಿಗೆ ಎದ್ದು ಹೋಗಿದ್ದ?